ಲೌಕಿಕ ವಿಧಿಯ ಒರೆಗಲ್ಲು: ಕ್ರೈಸ್ತ ದೈವಶಾಸ್ತ್ರ ಮತ್ತು ಕನ್ನಡದ ನೆಲ

ಕೃಷ್ಣಾ ಮತ್ತು ಘಟಪ್ರಭಾ ನದಿಗಳ ದಂಡೆಯ ಮೇಲೆ ಹರಡಿಕೊಂಡಿರುವ ಜಮಖಂಡಿ, ಮುಧೋಳ, ಬೀಳಗಿ, ರಬಕವಿ-ಬನಹಟ್ಟಿಗಳ ಸೀಮೆಯನ್ನು ಒಂದೇ ಧರ್ಮದ ಹೆಸರಿನಿಂದ ಗುರುತಿಸುವುದು ಚರಿತ್ರೆಗೆ ಮಾಡುವ ಅನ್ಯಾಯವೇ ಸರಿ. ಮುಧೋಳವು ರನ್ನನ ಮುದುವೊಳಲು. ತೇರದಾಳದಲ್ಲಿ 12ನೆಯ ಶತಮಾನದಲ್ಲಿ ಮಾಂಡಲಿಕ ಗೊಂಕನು ಕಟ್ಟಿಸಿದ ನೇಮಿನಾಥ ಬಸದಿಯಿದೆ. ಅದೇ ಊರಿನಲ್ಲಿ ಅಲ್ಲಮನ ಹೆಸರಿನ ಪ್ರಭುಲಿಂಗೇಶ್ವರ ಗುಡಿಯೂ ಇದೆ. ಬಸವಣ್ಣನ ಕೂಡಲಸಂಗಮ ಇಲ್ಲಿಂದ ದೂರವಲ್ಲ. ಲೋಕಾಪುರದ ಸುತ್ತಲಿನ ಹಳ್ಳಿಗಳಲ್ಲಿ ಶ್ರೀಕೃಷ್ಣ ಪಾರಿಜಾತದ ಬಯಲಾಟ ರಾತ್ರಿಯಿಡೀ ನಡೆದಿದೆ. ಊರಿಗೊಂದು ದ್ಯಾಮವ್ವನ, ದುರ್ಗವ್ವನ ಗುಡಿಯುಂಟು. ಉರುಸಿಗೆ ಸಕ್ಕರೆ ಓದಿಸುವ ಲಿಂಗಾಯತ ಮನೆತನಗಳುಂಟು. ಇಂಥ ನೆಲಕ್ಕೆ 19ನೆಯ ಶತಮಾನದಲ್ಲಿ ಕ್ರೈಸ್ತ ಮತವು ಬಂದಾಗ ಅದು ಬರಿದಾದ ಹೊಲಕ್ಕೆ ಬರಲಿಲ್ಲ. ಹಲವು ಸಾರಿ ಉತ್ತು ಬಿತ್ತಿ ಬೆಳೆ ತೆಗೆದ ಎರೆನೆಲಕ್ಕೆ ಬಂದಿತು.

ಹೊರಗಿನಿಂದ ಬಂದ ಧರ್ಮವೊಂದು ಕನ್ನಡದ್ದಾಗುವುದು ಯಾವಾಗ ಎಂಬ ಪ್ರಶ್ನೆಯನ್ನು ಕ್ರೈಸ್ತರಿಗೆ ಮಾತ್ರ ಕೇಳುವುದು ವಾಡಿಕೆಯಾಗಿದೆ. ಅದನ್ನು ಮೊದಲು ಎದುರಿಸಿದವರು ಜೈನರು ಎಂಬುದನ್ನು ಮರೆಯಲಾಗಿದೆ. ಮಗಧದಿಂದ ದಕ್ಷಿಣಕ್ಕೆ ಬಂದ ಜಿನಧರ್ಮವು ಪ್ರಾಕೃತ, ಸಂಸ್ಕೃತಗಳನ್ನು ಹೊತ್ತು ತಂದಿತ್ತು. ಅದು ಕನ್ನಡದ್ದಾದ ಬಗೆ ಪಂಪ, ರನ್ನರ ಕೃತಿಗಳಲ್ಲಿ ಸ್ಪಷ್ಟವಾಗಿ ಕಾಣುತ್ತದೆ. ಪಂಪನು ಆದಿಪುರಾಣದಲ್ಲಿ ಜಿನಾಗಮವನ್ನೂ ವಿಕ್ರಮಾರ್ಜುನ ವಿಜಯದಲ್ಲಿ ಲೌಕಿಕವನ್ನೂ ಬೆಳಗಿದೆನೆಂದು ಹೇಳಿಕೊಂಡನು. ಬಳೆಗಾರರ ಮನೆಯಲ್ಲಿ ಹುಟ್ಟಿದ ರನ್ನನು ಅತ್ತಿಮಬ್ಬೆಯ ಆಶ್ರಯದಲ್ಲಿ 993ರಲ್ಲಿ ಅಜಿತಪುರಾಣವನ್ನು ರಚಿಸಿದನು. ಗದಾಯುದ್ಧದಲ್ಲಿ ವ್ಯಾಸಭಾರತದ ದುರ್ಯೋಧನನಿಗೆ ಆತನು ಕೊಟ್ಟ ಘನತೆಯು ಕನ್ನಡಿಗರೆಲ್ಲರ ಸ್ವತ್ತಾಯಿತು. ತನ್ನದಲ್ಲದ ಕಥೆಯನ್ನು ಅಲ್ಲಗಳೆಯದೆ, ತನ್ನ ದರ್ಶನವನ್ನೂ ಬಿಟ್ಟುಕೊಡದೆ, ಎರಡನ್ನೂ ಒಂದೇ ಭಾಷೆಯಲ್ಲಿ ನಡೆಸಿದ ಈ ಕ್ರಮವು ಕನ್ನಡ ಸಂಸ್ಕೃತಿಯ ಒಂದು ದೊಡ್ಡ ಸಾಧನೆ.

ಇದಕ್ಕೆ ಶಾಸ್ತ್ರದ ಆಧಾರವನ್ನು ಒದಗಿಸಿದವನು ಸೋಮದೇವಸೂರಿ. 959ರಲ್ಲಿ ಮುಗಿದ ಆತನ ಯಶಸ್ತಿಲಕ ಚಂಪುವಿನಲ್ಲಿ ಒಂದು ಸೂತ್ರಪ್ರಾಯವಾದ ಮಾತು ಬರುತ್ತದೆ. ಸಮ್ಯಕ್ತ್ವಕ್ಕೆ ಹಾನಿಯಾಗದಿದ್ದರೆ, ವ್ರತಗಳಿಗೆ ದೋಷ ತಟ್ಟದಿದ್ದರೆ, ಲೌಕಿಕ ವಿಧಿಗಳೆಲ್ಲವೂ ಜೈನರಿಗೆ ಪ್ರಮಾಣವೇ ಎಂಬುದು ಅದರ ತಾತ್ಪರ್ಯ. ಮದುವೆಯ ಕಟ್ಟಳೆ, ಹಬ್ಬದ ಅಡುಗೆ, ಹೆಸರಿಡುವ ಪದ್ಧತಿ, ಕಥನದ ರೂಪ, ಊರ ನ್ಯಾಯ, ಇವೆಲ್ಲವನ್ನೂ ನಾಡಿನಿಂದಲೇ ಪಡೆಯಬಹುದು. ನಂಬಿಕೆಯ ತಿರುಳು ಮತ್ತು ನಡತೆಯ ನಿಯಮ ಮಾತ್ರ ತನ್ನದಾಗಿರಬೇಕು. ಕ್ರೈಸ್ತ ದೈವಶಾಸ್ತ್ರವು ನಾಡಿನ ಸಂಸ್ಕೃತಿಯೊಡನೆ ನಡೆಸಿದ ವ್ಯವಹಾರವನ್ನು ಈ ಒರೆಗಲ್ಲಿಗೆ ಹಚ್ಚಿ ನೋಡುವುದು ಉಚಿತ. ಒರೆಗಲ್ಲು ಜೈನರದಾದುದರಿಂದ ಅದು ಜೈನರನ್ನೂ ಪರೀಕ್ಷಿಸುತ್ತದೆ ಎಂಬುದನ್ನು ಮುಂದೆ ಕಾಣಬಹುದು.

ಶಬ್ದಗಳ ಸಾಲ

ದೈವಶಾಸ್ತ್ರವು ನಾಡನ್ನು ಮೊದಲು ಮುಟ್ಟುವುದು ಅನುವಾದದಲ್ಲಿ. ಬಳ್ಳಾರಿಯಲ್ಲಿ ಲಂಡನ್ ಮಿಷನ್ನಿನ ಜಾನ್ ಹ್ಯಾಂಡ್ಸ್ 19ನೆಯ ಶತಮಾನದ ಆರಂಭದಲ್ಲಿ ಬೈಬಲ್ಲಿನ ಕನ್ನಡ ಅನುವಾದಕ್ಕೆ ಕೈಹಾಕಿದರು. ಮುಂದೆ ಕನ್ನಡದಲ್ಲಿ ಆ ಗ್ರಂಥಕ್ಕೆ ನೆಲೆಗೊಂಡ ಹೆಸರು ‘ಸತ್ಯವೇದ’. ಈ ಒಂದು ಸಮಾಸವೇ ಇಡೀ ಸಮಸ್ಯೆಯನ್ನು ಹೇಳುತ್ತದೆ. ‘ವೇದ’ ಎಂಬ ಪದವನ್ನು ನಾಡಿನಿಂದ ಕಡವಾಗಿ ಪಡೆದು ಅದರ ಗೌರವವನ್ನು ತನ್ನ ಗ್ರಂಥಕ್ಕೆ ಹೊದಿಸಲಾಗಿದೆ. ‘ಸತ್ಯ’ ಎಂಬ ವಿಶೇಷಣದಿಂದ ಕಡ ಕೊಟ್ಟವನ ವೇದವು ಸತ್ಯವಲ್ಲವೆಂಬ ಧ್ವನಿಯನ್ನೂ ಹೊರಡಿಸಲಾಗಿದೆ. ಸಾಲವನ್ನು ಒಪ್ಪಿಕೊಳ್ಳದೆ ಸಾಲ ತರುವ ಈ ರೀತಿಯು ಮಿಷನರಿ ಕಾಲದ ಬರಹಗಳ ಉದ್ದಕ್ಕೂ ಕಾಣುತ್ತದೆ.

ಆದರೆ ಸಾಲ ತಂದ ಶಬ್ದವು ತಂದವನ ಅಂಕೆಯಲ್ಲಿ ಉಳಿಯುವುದಿಲ್ಲ. ‘ದೀಕ್ಷಾಸ್ನಾನ’ ಎಂದ ಕೂಡಲೇ ಕನ್ನಡಿಗನಿಗೆ ಜಿನದೀಕ್ಷೆ, ಲಿಂಗದೀಕ್ಷೆಗಳು ನೆನಪಾಗುತ್ತವೆ. ದೀಕ್ಷೆಯೆಂದರೆ ಇಲ್ಲಿ ಗುರುವಿನ ಕೈಯಿಂದ ಬರುವ ಕಠಿಣವಾದ ಬದುಕಿನ ಬದಲಾವಣೆ. ಹೆಸರು ಬದಲಿಸಿಕೊಳ್ಳುವುದಷ್ಟೇ ಅಲ್ಲ. ‘ಪಾಪ’ ಎಂಬ ಶಬ್ದವು ಜೈನನ ಕಿವಿಯಲ್ಲಿ ಆಸ್ರವ, ಬಂಧ, ನಿರ್ಜರೆಗಳ ಲೆಕ್ಕವನ್ನು ಎಬ್ಬಿಸುತ್ತದೆ. ತಾನು ಮಾಡಿದ್ದನ್ನು ತಾನೇ ಸವೆಸಬೇಕೆಂಬ ನಿಯಮಕ್ಕೆ ಇನ್ನೊಬ್ಬನು ತನ್ನ ಪಾಪವನ್ನು ಹೊರುವನೆಂಬ ಮಾತು ಸುಲಭವಾಗಿ ಒಗ್ಗುವುದಿಲ್ಲ. ಸೃಷ್ಟಿಕರ್ತನನ್ನೇ ಒಪ್ಪದ ದರ್ಶನವೊಂದು ಸಾವಿರ ವರ್ಷ ಆಳವಾಗಿ ಬೇರೂರಿದ್ದ ಭಾಷೆಯಲ್ಲಿ ‘ದೇವರು’ ಎಂಬ ಶಬ್ದಕ್ಕೆ ಒಂದೇ ಅರ್ಥವಿರುವುದು ಸಾಧ್ಯವಿರಲಿಲ್ಲ. ಅನುವಾದಕರು ಇದನ್ನು ತೊಡಕೆಂದು ಭಾವಿಸಿದರು. ಹೊಸ ಅರ್ಥದ ಬೀಜಗಳು ಅಲ್ಲಿಯೇ ಇದ್ದವೆಂದು ಇಂದಿನ ಅಧ್ಯಯನಕಾರರು ಹೇಳಬೇಕಾಗಿದೆ.

ದಕ್ಷಿಣದ ಕಥೋಲಿಕರಲ್ಲಿ ಈ ಬೀಜವು ಹೆಸರುಗಳಲ್ಲಿ ಮೊಳೆತುದನ್ನು ಕಾಣಬಹುದು. ಯೋಹಾನನು ಅರುಳಪ್ಪನಾದನು, ಪೇತ್ರನು ರಾಯಪ್ಪನಾದನು, ಪೌಲನು ಚಿನ್ನಪ್ಪನಾದನು, ಇಗ್ನಾಸಿಯನು ಇನ್ನಾಸಪ್ಪನಾದನು. ತಮಿಳಿನ ಹಾದಿಯಿಂದ ಬಂದ ಈ ಹೆಸರುಗಳಿಗೆ ‘ಅಪ್ಪ’ ಎಂಬ ಬಾಲ ಸೇರಿದುದರಿಂದ ಅವು ಮಲ್ಲಪ್ಪ, ಸಂಗಪ್ಪ, ಬ್ರಹ್ಮಪ್ಪಗಳ ಸಾಲಿನಲ್ಲಿ ತಂಟೆಯಿಲ್ಲದೆ ಕುಳಿತುಕೊಂಡವು. ಯಾವ ಮಹಾಸಭೆಯೂ ನಿರ್ಣಯ ಮಾಡದೆ, ತಾಯಂದಿರು ಕರೆದು ಕರೆದು ಆದ ದೇಸೀಕರಣವಿದು.

ಕೇಶಿರಾಜನ ಸಂಪಾದಕ ಮತ್ತು ಯಜ್ಞದ ವಾದ

ಉತ್ತರ ಕರ್ನಾಟಕದಲ್ಲಿ ಈ ಕಥೆಯ ಮುಖ್ಯ ಪಾತ್ರಧಾರಿ ಬಾಸೆಲ್ ಮಿಷನ್. 1834ರಲ್ಲಿ ಮಂಗಳೂರಿಗೆ ಬಂದ ಈ ಸಂಸ್ಥೆಯು 1837ರಲ್ಲಿ ಧಾರವಾಡದಲ್ಲಿಯೂ ಅನಂತರ ಹುಬ್ಬಳ್ಳಿ, ಬೆಟಗೇರಿಗಳಲ್ಲಿಯೂ 1851ರಲ್ಲಿ ಗುಳೇದಗುಡ್ಡದಲ್ಲಿಯೂ ನೆಲೆ ಮಾಡಿತು. ಜಮಖಂಡಿ, ಮುಧೋಳಗಳು ದೇಶೀಯ ಸಂಸ್ಥಾನಗಳಾಗಿದ್ದವು. ಅವುಗಳ ಮಗ್ಗುಲಿನ ಕಂಪನಿ ಆಳ್ವಿಕೆಯ ನೇಕಾರರ ಊರಾದ ಗುಳೇದಗುಡ್ಡವೇ ಈ ಸೀಮೆಗೆ ಮಿಷನ್ನಿನ ಬಾಗಿಲಾಯಿತು.

ಫರ್ಡಿನೆಂಡ್ ಕಿಟೆಲ್ 1853ರಲ್ಲಿ ಭಾರತಕ್ಕೆ ಬಂದರು. 1894ರ ಕನ್ನಡ-ಇಂಗ್ಲಿಷ್ ನಿಘಂಟಿನಿಂದ ಅವರು ಅಮರರಾಗಿರುವುದರಿಂದ ಅವರ ದೈವಶಾಸ್ತ್ರದ ಬರಹಗಳ ಕಡೆಗೆ ಸಾಹಿತ್ಯದ ವಿದ್ಯಾರ್ಥಿಗಳು ನೋಡುವುದು ಕಡಿಮೆ. ಭಾರತೀಯರಿಗೆ ಭಾರತೀಯನಾಗಿ ಕಾಣಬೇಕೆಂಬುದು ಅವರ ಹಂಬಲವಾಗಿತ್ತು. ಅದು ಅವರ ಮಿಷನ್ನಿನ ಹಿರಿಯರಿಗೆ ಅಷ್ಟಾಗಿ ಹಿಡಿಸಲಿಲ್ಲ. 1862ರಲ್ಲಿ ಅವರು ಯೇಸುವಿನ ಚರಿತ್ರೆಯನ್ನು ದೇಶೀಯ ಪದ್ಯರೂಪದಲ್ಲಿ ‘ಕಥಾಮಾಲೆ’ ಎಂಬ ಹೆಸರಿನಿಂದ ಹೊರತಂದರು. 1872ರಲ್ಲಿ ಕೇಶಿರಾಜನ ಶಬ್ದಮಣಿದರ್ಪಣವನ್ನೂ 1875ರಲ್ಲಿ ನಾಗವರ್ಮನ ಛಂದೋಂಬುಧಿಯನ್ನೂ ಸಂಪಾದಿಸಿದರು. ಜೈನ ವೈಯಾಕರಣನ ಸೂತ್ರಗಳನ್ನು ಒಬ್ಬ ಲುಥೆರನ್ ಹಿನ್ನೆಲೆಯ ಪಾದ್ರಿಯು ಅಕ್ಷರ ಅಕ್ಷರವಾಗಿ ಪರಿಶೀಲಿಸಿ ಮಂಗಳೂರಿನಲ್ಲಿ ಅಚ್ಚು ಹಾಕಿಸಿದುದು ಕನ್ನಡದ ಚರಿತ್ರೆಯಲ್ಲಿ ಸಣ್ಣ ಸಂಗತಿಯಲ್ಲ. ಆ ದುಡಿಮೆಯಲ್ಲಿ ತನ್ನ ಮತದ ಹೆಚ್ಚುಗಾರಿಕೆಗೆ ಎಡೆಯಿರಲಿಲ್ಲ. ಕೇಶಿರಾಜನ ಮುಂದೆ ಕಿಟೆಲರು ವಿದ್ಯಾರ್ಥಿಯಾಗಿದ್ದರು.

ಅದೇ 1872ರಲ್ಲಿ ಅವರು ಯಜ್ಞವನ್ನು ಕುರಿತು ‘ಯಜ್ಞಸುಧಾನಿಧಿ’ ಎಂಬ ಪುಸ್ತಿಕೆಯನ್ನೂ ಬರೆದರು. ವೇದಗಳ ಯಜ್ಞವು ಯಾವುದಕ್ಕಾಗಿ ಹಂಬಲಿಸಿತೋ ಅದು ಯೇಸುವಿನ ಬಲಿದಾನದಲ್ಲಿ ಪೂರ್ಣವಾಯಿತೆಂಬ ದಿಕ್ಕಿನ ವಿಚಾರವದು. ಇತರ ಧರ್ಮಗಳಲ್ಲಿ ಇರುವುದೆಲ್ಲ ಸಿದ್ಧತೆ, ಕ್ರಿಸ್ತನಲ್ಲಿ ಅದರ ಸಿದ್ಧಿ ಎಂದು ತಿಳಿಯುವ ದೈವಶಾಸ್ತ್ರಕ್ಕೆ ಮುಂದೆ ಭಾರತದಲ್ಲಿ ಹಲವು ಪ್ರತಿಪಾದಕರು ದೊರೆತರು. ಅದು ಬೈಗುಳಕ್ಕಿಂತ ಸೌಮ್ಯವಾದ ನಿಲುವು ಎಂಬುದರಲ್ಲಿ ಸಂದೇಹವಿಲ್ಲ. ಆದರೆ ಕಿಟೆಲರು ಯಾರೊಡನೆ ಮಾತನಾಡುತ್ತಿದ್ದರು?

ಘಟಪ್ರಭೆಯ ದಂಡೆಯ ಜನರ ಪಾಲಿಗೆ ಯಜ್ಞವು ಈಡೇರದೆ ಉಳಿದ ಹಂಬಲವಾಗಿರಲಿಲ್ಲ. ಬಹುಮಟ್ಟಿಗೆ ತಿರಸ್ಕರಿಸಿ ಬಿಟ್ಟ ವಿಚಾರವಾಗಿತ್ತು. ಜನ್ನನು 1209ರಲ್ಲಿ ಬರೆದ ಯಶೋಧರ ಚರಿತೆಯಲ್ಲಿ ಹಿಟ್ಟಿನ ಕೋಳಿಯನ್ನು ಬಲಿಗೊಟ್ಟ ಸಂಕಲ್ಪಹಿಂಸೆಗಾಗಿ ತಾಯಿ ಮಗ ಇಬ್ಬರೂ ಜನ್ಮಜನ್ಮಾಂತರಗಳಲ್ಲಿ ತೊಳಲುತ್ತಾರೆ. ಶರಣರೂ ಹೋಮದ ಹೊಗೆಯನ್ನು, ಬಲಿಯ ರಕ್ತವನ್ನು ಅಲ್ಲಗಳೆದರು. ಜೈನರೂ ಶರಣರೂ ಬೇರೆ ಎಲ್ಲದರಲ್ಲಿ ಜಗಳವಾಡಿದರೂ ಈ ಒಂದು ಮಾತಿನಲ್ಲಿ ಸಮೀಪದಲ್ಲಿದ್ದರು. ಅಂಥವರ ಮುಂದೆ ಶಿಲುಬೆಯನ್ನು ಅತ್ಯುನ್ನತ ಯಜ್ಞವೆಂದು ಬಣ್ಣಿಸಿದರೆ ಅವರು ಗುರುತಿಸುವುದು ತಾವು ಬಿಟ್ಟುಬಂದುದನ್ನೇ. ಇಬ್ರಿಯರಿಗೆ ಬರೆದ ಪತ್ರಿಕೆಯಲ್ಲಿಯೇ ಕ್ರಿಸ್ತನ ಮರಣದಿಂದ ಬಲಿಗಳೆಲ್ಲ ಒಂದೇ ಸಾರಿಗೆ ಮುಗಿದವೆಂಬ ವಿಚಾರವಿದೆ. ಬಲಿಯ ಪೂರ್ಣತೆಗಿಂತ ಬಲಿಯ ಕೊನೆಯನ್ನು ಮುಂದೆ ಮಾಡಿದ್ದರೆ ಆ ಮಾತು ಅಹಿಂಸೆಯ ಪರಂಪರೆಯೊಡನೆ ನೇರವಾಗಿ ಸಂವಾದಕ್ಕೆ ಇಳಿಯುತ್ತಿತ್ತು. ಕೇಶಿರಾಜನನ್ನು ಅಷ್ಟು ಚೆನ್ನಾಗಿ ಓದಿದ ವಿದ್ವಾಂಸರು ಜನ್ನನ ಪ್ರಶ್ನೆಯನ್ನು ತಮ್ಮ ದೈವಶಾಸ್ತ್ರದೊಳಕ್ಕೆ ಬಿಟ್ಟುಕೊಳ್ಳಲಿಲ್ಲ. ವ್ಯಾಕರಣವು ಒಳಗೆ ಬಂದಿತು, ದರ್ಶನವು ಹೊರಗೇ ನಿಂತಿತು.

ಕಾಲಜ್ಞಾನದವರು

ಇದಕ್ಕೂ ಹಿಂದಿನ ಇನ್ನೊಂದು ಪ್ರಸಂಗವು ಹೆಚ್ಚು ಕಲಿಸುತ್ತದೆ. 1830ರ ದಶಕದ ಕೊನೆಗೆ ಹುಬ್ಬಳ್ಳಿ, ಗದಗಿನ ಸುತ್ತಿನಲ್ಲಿ ಮಿಷನರಿಗಳಿಗೆ ಕಾಲಜ್ಞಾನದ ಪಂಥದವರು ಭೇಟಿಯಾದರು. ಕೊಡೇಕಲ್ ಬಸವಣ್ಣನಂಥವರ ಹೆಸರಿನಲ್ಲಿ ಕನ್ನಡ ನಾಡಿನಲ್ಲಿ ಹರಿದುಬಂದ ಕಾಲಜ್ಞಾನ ಸಾಹಿತ್ಯವು ಬರಲಿರುವ ಯುಗವೊಂದನ್ನು, ಬರಲಿರುವ ಒಡೆಯನೊಬ್ಬನನ್ನು ನಿರೀಕ್ಷಿಸುತ್ತದೆ. ಆ ನಿರೀಕ್ಷೆಯನ್ನು ಈ ಜನರು ಹೊಸ ಬೋಧಕರಲ್ಲಿ ಕಂಡರು. ಬೋಧಕರು ಸಾವಿರಾರು ಮಂದಿ ಒಟ್ಟಿಗೆ ಸಭೆಗೆ ಸೇರುವರೆಂಬ ಕನಸನ್ನು ಇವರಲ್ಲಿ ಕಂಡರು. ಹರ್ಮನ್ ಮ್ಯೋಗ್ಲಿಂಗರ ಉತ್ಸಾಹದಿಂದ ಗದಗಿನ ಬಳಿಯ ಮಲ್ಲಸಮುದ್ರದಲ್ಲಿ ಇಂಥವರಿಗಾಗಿ ಬೇಸಾಯದ ನೆಲೆಯೂ ಏರ್ಪಟ್ಟಿತು. ಕನಸು ಫಲಿಸಲಿಲ್ಲ.

ಮಿಷನ್ನಿನ ದೃಷ್ಟಿಯಲ್ಲಿ ಇದು ಒಂದು ಸೋಲು. ಸಂಸ್ಕೃತಿಯ ಚರಿತ್ರೆಯಲ್ಲಿ ಇದರ ಅರ್ಥ ಬೇರೆ. ನಾಡಿನ ಸಾಮಾನ್ಯರು ಕ್ರೈಸ್ತ ಮತವನ್ನು ತಮ್ಮ ಗ್ರಂಥದಿಂದ ಅರ್ಥೈಸಲು ಹೊರಟ ಅಪರೂಪದ ಗಳಿಗೆಯದು. ಅದುವರೆಗೆ ಪಾದ್ರಿಯು ನಾಡನ್ನು ಓದುತ್ತಿದ್ದನು. ಇಲ್ಲಿ ನಾಡೇ ಪಾದ್ರಿಯನ್ನು ಓದಿತು. ಕ್ರಿಸ್ತನು ತಮ್ಮ ಕಾಲಜ್ಞಾನದಲ್ಲಿ ಮೊದಲೇ ಇದ್ದಾನೆಂಬ ಮಾತನ್ನು ಬೋಧಕರು ಒಂದು ಅನುಕೂಲವೆಂದು ಬಳಸಿಕೊಳ್ಳಲು ಸಿದ್ಧರಿದ್ದರು. ಅದನ್ನು ಒಂದು ದೈವಶಾಸ್ತ್ರವೆಂದು ಆಲಿಸಲು ಸಿದ್ಧರಿರಲಿಲ್ಲ. ಕಿಟೆಲರು ವೇದವನ್ನು ಕ್ರಿಸ್ತನ ಮುನ್ನುಡಿಯೆಂದು ಓದಿದರೆ ಅದು ಪಾಂಡಿತ್ಯವಾಗುತ್ತದೆ, ಹಳ್ಳಿಯವರು ಕಾಲಜ್ಞಾನವನ್ನು ಕ್ರಿಸ್ತನ ಮುನ್ನುಡಿಯೆಂದು ಓದಿದರೆ ಅದು ಭ್ರಮೆಯಾಗುತ್ತದೆ. ಈ ಇಬ್ಬಗೆಯ ಅಳತೆಯನ್ನು ಚರಿತ್ರಕಾರರಾದರೂ ಕೈಬಿಡಬೇಕು.

ಕಾವಿಯ ಪ್ರಶ್ನೆ

20ನೆಯ ಶತಮಾನದಲ್ಲಿ ಗಾಳಿ ತಿರುಗಿತು. ಕಥೋಲಿಕರಲ್ಲಿ ಈ ಪ್ರಶ್ನೆಗೆ ಹಳೆಯ ಇತಿಹಾಸವಿದೆ. ಮಧುರೆಯಲ್ಲಿ ರಾಬರ್ಟೊ ದೆ ನೊಬಿಲಿಯು ಸನ್ಯಾಸಿಯ ವೇಷ ತೊಟ್ಟನು. ಆತನ ಮಾರ್ಗವನ್ನೇ ಹಿಡಿದು ಜೆಸ್ವಿಟರು 17ನೆಯ ಶತಮಾನದಲ್ಲಿ ಮೈಸೂರು ಸೀಮೆಗೂ ಬಂದರು. 1623ರಲ್ಲಿ ರೋಮ್ ಜನಿವಾರ, ಜುಟ್ಟುಗಳನ್ನು ಷರತ್ತಿನ ಮೇಲೆ ಒಪ್ಪಿತು. 1744ರಲ್ಲಿ ಮಲಬಾರ್ ಆಚರಣೆಗಳನ್ನು ಕಟ್ಟುನಿಟ್ಟಾಗಿ ನಿಷೇಧಿಸಿತು. ಅವುಗಳ ವಿರುದ್ಧ ಪಾದ್ರಿಗಳು ಮಾಡಬೇಕಿದ್ದ ಪ್ರಮಾಣವನ್ನು 1940ರಲ್ಲಿ ಕೈಬಿಟ್ಟಿತು. ಅದೇ ದಶಕದಲ್ಲಿ ಬೆಳಗಾವಿ ಜಿಲ್ಲೆಯ ಬೈಲಹೊಂಗಲ ಕಡೆಯ ದೇಶನೂರಿನಲ್ಲಿ ಗೋವೆಯ ಜೆಸ್ವಿಟರು ನೆಲೆಸಿದರು. ಅಲ್ಲಿ ರೂಪುಗೊಂಡ ಆಲಯದ ಹೆಸರು ‘ಸ್ನಾನಿಕ ಅರುಳಪ್ಪನವರ ವಿರಕ್ತ ಮಠ’. ಪಾದ್ರಿಯು ಸ್ವಾಮಿಯಾದನು, ಕಾವಿ ಉಟ್ಟನು, ಶಾಕಾಹಾರಿಯಾದನು, ನೆಲದ ಮೇಲೆ ಕುಳಿತು ಪೂಜೆ ನಡೆಸಿದನು. 1965ರ ವ್ಯಾಟಿಕನ್ ಮಹಾಸಭೆಯ ಘೋಷಣೆಗಳು ಹೊರಬೀಳುವುದಕ್ಕೆ ಮೊದಲೇ ಲಿಂಗಾಯತ ಸೀಮೆಯೊಂದರಲ್ಲಿ ನಡೆದ ಪ್ರಯೋಗವಿದು.

ಇತ್ತೀಚಿನ ವರ್ಷಗಳಲ್ಲಿ ಈ ಮಠದ ಚಿತ್ರಗಳು ಹರಿದಾಡಿದಾಗ ಎರಡು ಕಡೆಯಿಂದಲೂ ಆಕ್ಷೇಪ ಬಂದಿತು. ಇದು ಮೋಸದ ವೇಷವೆಂದು ಕೆಲವರು. ಕ್ರೈಸ್ತ ನಂಬಿಕೆಯ ಕಲಬೆರಕೆಯೆಂದು ಇನ್ನು ಕೆಲವರು. ಎರಡೂ ಆಕ್ಷೇಪಗಳು ಅವಸರದವು. ಮಠಕ್ಕೆ ಹೋಗುವವನಿಗೆ ಅದು ಯಾರ ಮಠವೆಂದು ಮುಚ್ಚಿಟ್ಟಿಲ್ಲ. ಅರುಳಪ್ಪನ ಹೆಸರು ಬಾಗಿಲಲ್ಲಿಯೇ ಇದೆ. ಕಾವಿಯು ಯಾವುದೊಂದು ಮತದ ಗುತ್ತಿಗೆಯೂ ಅಲ್ಲ. ಬೌದ್ಧ ಭಿಕ್ಷು, ಶೈವ ಯತಿ, ವಿರಕ್ತ ಸ್ವಾಮಿ, ಎಲ್ಲರೂ ಅದನ್ನು ಉಟ್ಟವರೇ. ಸೋಮದೇವನ ಎರಡು ಷರತ್ತುಗಳನ್ನು ಮೀರದಿದ್ದರೆ ಉಡುಗೆ, ಊಟ, ಆಸನಗಳ ಬಗ್ಗೆ ತಕರಾರು ಮಾಡಲು ಜೈನರಿಗಂತೂ ಕಾರಣವಿಲ್ಲ.

ನಿಜವಾದ ಆಕ್ಷೇಪವು ಮೂರನೆಯ ಕಡೆಯಿಂದ ಬರುತ್ತದೆ, ಅದೇ ಗಟ್ಟಿಯಾದುದು. 1981ರಲ್ಲಿ ಬೆಂಗಳೂರಿನ ಯುನೈಟೆಡ್ ಥಿಯೊಲಾಜಿಕಲ್ ಕಾಲೇಜಿನಲ್ಲಿ ಅರವಿಂದ ನಿರ್ಮಲ್ ಶೂದ್ರ ದೈವಶಾಸ್ತ್ರದ ಅಗತ್ಯವನ್ನು ಕುರಿತು ಮಾತನಾಡಿದರು. ದಲಿತ ದೈವಶಾಸ್ತ್ರವೆಂದು ಮುಂದೆ ಬೆಳೆದ ವಿಚಾರಕ್ಕೆ ಅದು ನಾಂದಿಯಾಯಿತು. ಭಾರತದ ಸಭೆಯಲ್ಲಿ ಬಹುಸಂಖ್ಯಾತರು ದಲಿತರು. ಭಾರತೀಯ ಕ್ರೈಸ್ತ ದೈವಶಾಸ್ತ್ರವಾದರೋ ಅದ್ವೈತ, ಭಕ್ತಿ, ಸನ್ಯಾಸಗಳ ಮೇಲುವರ್ಗದ ಭಾಷೆಯಲ್ಲಿಯೇ ಮಾತನಾಡುತ್ತ ಬಂದಿದೆ ಎಂಬುದು ಆ ವಿಚಾರದ ತಿರುಳು. ಜಮಖಂಡಿ, ಮುಧೋಳದ ಊರ ಹೊರಗಿನ ಕೇರಿಯಿಂದ ನೋಡಿದರೆ ಈ ಮಾತಿನ ತೂಕ ತಿಳಿಯುತ್ತದೆ. ಹಲಗೆ ಬಾರಿಸುವವನ, ಸತ್ತ ದನವನ್ನು ಹೊರುತ್ತಿದ್ದವನ ಮಗನು ಮಠದ ಹೊಸ್ತಿಲನ್ನು ದಾಟಲಾರದೆ ಸಭೆಗೆ ಬಂದನು. ಆ ಸಭೆಯೇ ಮಠವಾದರೆ, ಆತನ ಊಟವನ್ನೇ ಮೈಲಿಗೆಯೆನ್ನುವ ನಿಯಮವು ‘ನಾಡಿನ ಸಂಸ್ಕೃತಿ’ಯ ಹೆಸರಿನಲ್ಲಿ ಅಲ್ಲಿಗೂ ಬಂದರೆ, ಆತನಿಗೆ ಸಿಕ್ಕಿದ್ದೇನು? ಈ ಸೀಮೆಯಲ್ಲಿಯೇ ಹೆಣ್ಣುಮಕ್ಕಳಿಗೆ ಮುತ್ತು ಕಟ್ಟುವ ಪದ್ಧತಿಯೂ ದೇವಿಯ ಹೆಸರಿನ ಸಂಸ್ಕೃತಿಯಾಗಿಯೇ ನಡೆಯಿತು. ಅದನ್ನು ನಿಲ್ಲಿಸಲು 1982ರಲ್ಲಿ ಕಾಯಿದೆಯೇ ಬೇಕಾಯಿತು. ಸಂಸ್ಕೃತಿಯೆಂದು ಹೇಳುವಾಗ ಯಾರ ಸಂಸ್ಕೃತಿ ಎಂದು ಕೇಳದೆ ಮುಂದುವರಿಯಲಾಗದು.

ಇಲ್ಲಿ ಒರೆಗಲ್ಲು ಜೈನರ ಕಡೆಗೂ ತಿರುಗುತ್ತದೆ. ಲೌಕಿಕ ವಿಧಿಗಳೆಲ್ಲ ಪ್ರಮಾಣವೆಂದ ಔದಾರ್ಯವೇ ಜಾತಿಯನ್ನೂ ಲೌಕಿಕವೆಂದು ಒಳಗೆ ಬಿಟ್ಟುಕೊಂಡಿತು. ಜಿನಸೇನನ ಆದಿಪುರಾಣದಲ್ಲಿ ವರ್ಣವ್ಯವಸ್ಥೆಗೆ ಜೈನ ಸಮರ್ಥನೆ ದೊರೆಯಿತು. ಜಿನಧರ್ಮವು ನಾಡಿನಲ್ಲಿ ಬಾಳಿತು, ಬೆಳಗಿತು; ಅದರ ಬೆಲೆಯನ್ನು ಬಾಗಿಲ ಹೊರಗೆ ನಿಂತವರು ತೆತ್ತರು. 12ನೆಯ ಶತಮಾನದಲ್ಲಿ ಶರಣರು ಎತ್ತಿದ ದನಿಗೆ ಜೈನ ಬಸದಿಗಳೂ ಉತ್ತರಿಸಬೇಕಾಗಿತ್ತೆಂಬುದನ್ನು ಪ್ರಾಮಾಣಿಕ ವಿದ್ವಾಂಸರು ಒಪ್ಪಿಕೊಳ್ಳಲೇಬೇಕು. ನೊಬಿಲಿಯ ಪ್ರಯೋಗವೂ ಇದೇ ಕಡೆ ಎಡವಿತು. ಮೇಲುಜಾತಿಯವರಿಗೊಬ್ಬ, ಉಳಿದವರಿಗೊಬ್ಬ ಎಂದು ಬೋಧಕರನ್ನೇ ವಿಂಗಡಿಸಬೇಕಾಯಿತು. ಆದ್ದರಿಂದ ಸೋಮದೇವನ ಎರಡು ಷರತ್ತುಗಳಿಗೆ ಇಂದು ಮೂರನೆಯದೊಂದನ್ನು ಸೇರಿಸುವುದು ಅಗತ್ಯ: ಯಾವ ಲೌಕಿಕ ವಿಧಿಯಿಂದ ಮನುಷ್ಯನೊಬ್ಬನ ಘನತೆಗೆ ಕುಂದು ಬರುವುದೋ ಅದು ಯಾವ ಧರ್ಮಕ್ಕೂ ಪ್ರಮಾಣವಾಗಬಾರದು.

ಉತ್ತರಿಸುವ ಹಕ್ಕು

ಹಾಗಾದರೆ ದೈವಶಾಸ್ತ್ರವು ನಾಡಿನದಾಗುವುದು ಹೇಗೆ? ಕಾರ್ಕಳದಲ್ಲಿ 1920ರಲ್ಲಿ ಹುಟ್ಟಿ, ವಿಶ್ವ ಚರ್ಚುಗಳ ಮಂಡಳಿಯಲ್ಲಿ ಅಂತರಧರ್ಮೀಯ ಸಂವಾದದ ಕಾರ್ಯವನ್ನು ಮುನ್ನಡೆಸಿದ ಸ್ಟ್ಯಾನ್ಲಿ ಸಮರ್ಥರು ಕ್ರಿಸ್ತನನ್ನು ಚರ್ಚಿನ ಕಟ್ಟಿಗೆ ಒಳಪಡದವನೆಂದು ಚಿಂತಿಸಿದರು. ಹಿಂದೂಗಳು ಕ್ರಿಸ್ತನಿಗೆ ಕೊಟ್ಟ ಪ್ರತಿಕ್ರಿಯೆಯೂ ದೈವಶಾಸ್ತ್ರಕ್ಕೆ ಆಕರವೆಂಬುದು ಅವರ ನಿಲುವು. ಕನ್ನಡದಲ್ಲಿ ಅದಕ್ಕೆ ಅತ್ಯುತ್ತಮ ನಿದರ್ಶನ ಮಂಜೇಶ್ವರದ ಗೋವಿಂದ ಪೈಗಳ ‘ಗೊಲ್ಗೊಥಾ’. 1937ರಲ್ಲಿ ಬಂದ ಆ ಖಂಡಕಾವ್ಯವನ್ನು ಬರೆದವರು ಕ್ರೈಸ್ತರಲ್ಲ. ಬುದ್ಧನ ಕೊನೆಯ ದಿನವನ್ನು ಕುರಿತ ‘ವೈಶಾಖಿ’ಯನ್ನೂ ಅವರೇ ಬರೆದರು. ರನ್ನನು ವ್ಯಾಸನ ಕಥೆಯನ್ನು ಎತ್ತಿಕೊಂಡ ಧೈರ್ಯದಿಂದಲೇ ಪೈಗಳು ಸುವಾರ್ತೆಯ ಕಥೆಯನ್ನು ಎತ್ತಿಕೊಂಡರು. ಯಾರನ್ನೂ ಮತಾಂತರಿಸದೆ, ಯಾವ ವೇಷವನ್ನೂ ತೊಡದೆ ಶಿಲುಬೆಯು ಕನ್ನಡ ಕಾವ್ಯದೊಳಕ್ಕೆ ಬಂದಿತು.

ಇದರಿಂದ ಒಂದು ಮಾತು ಸ್ಪಷ್ಟವಾಗುತ್ತದೆ. ನಾಡಿನ ಉಡುಗೆ, ಶಬ್ದ, ಛಂದಸ್ಸುಗಳನ್ನು ಪಡೆಯುವುದು ಆರಂಭ ಮಾತ್ರ. ಪಡೆದ ಮೇಲೆ ನಾಡು ಕೇಳುವ ಪ್ರಶ್ನೆಗಳನ್ನೂ ಪಡೆಯಬೇಕು. ಜನ್ನನು ಬಲಿಯನ್ನು ಕುರಿತು ಕೇಳಿದುದನ್ನು, ಕಾಲಜ್ಞಾನದವರು ಬರಲಿರುವ ಒಡೆಯನನ್ನು ಕುರಿತು ಹೇಳಿದುದನ್ನು, ಕೇರಿಯವನು ಮಠದ ಹೊಸ್ತಿಲನ್ನು ಕುರಿತು ಕೇಳುವುದನ್ನು ತನ್ನೊಳಗಿನ ಪ್ರಶ್ನೆಗಳೆಂದು ಒಪ್ಪಿಕೊಂಡಾಗ ದೈವಶಾಸ್ತ್ರವು ಕನ್ನಡದ್ದಾಗುತ್ತದೆ. ಹಾಗೆಯೇ ಈ ಸೀಮೆಯ ಕ್ರೈಸ್ತನಿಗೆ ತಾನು ಕನ್ನಡಿಗನೆಂದು ದಿನವೂ ರುಜುವಾತು ಮಾಡುವ ಹೊರೆಯನ್ನು ಹೊರಿಸುವುದೂ ನ್ಯಾಯವಲ್ಲ. ಗುಳೇದಗುಡ್ಡದ ನೇಕಾರನು ಮತ ಬದಲಿಸಿದ ಮಾತ್ರಕ್ಕೆ ಆತನ ಮಗ್ಗದ ಸದ್ದು ಬೇರೆಯಾಗಲಿಲ್ಲ, ಆತನ ಮಾತು ಜರ್ಮನಿಯದಾಗಲಿಲ್ಲ.

ಸಾಹಿತ್ಯದ ಅಧ್ಯಯನಕಾರರ ಪಾಲಿನ ಕೆಲಸವೂ ಉಳಿದಿದೆ. ಕಿಟೆಲರ ನಿಘಂಟನ್ನು ಮೇಜಿನ ಮೇಲಿಟ್ಟುಕೊಂಡು ‘ಕಥಾಮಾಲೆ’ಯನ್ನು ಸಾಹಿತ್ಯ ಚರಿತ್ರೆಯ ಹೊರಗಿಡುವುದು ಸರಿಯಲ್ಲ. ಅದರ ಕಾವ್ಯಗುಣ ಹೆಚ್ಚಲ್ಲವೆಂದು ತೀರ್ಮಾನವಾಗಬಹುದು; ಆ ತೀರ್ಮಾನ ಓದಿದ ಮೇಲೆ ಬರಬೇಕು. ಕನ್ನಡ ಕ್ರೈಸ್ತ ಗೀತೆಗಳು, ಮಿಷನ್ನಿನ ಪುಸ್ತಿಕೆಗಳು, ಕಾಲಜ್ಞಾನದ ಹಸ್ತಪ್ರತಿಗಳು ಒಂದೇ ಮೇಜಿನ ಮೇಲೆ ಬಂದಾಗ 19ನೆಯ ಶತಮಾನದ ಕನ್ನಡದ ಧಾರ್ಮಿಕ ಚರ್ಚೆಯ ಪೂರ್ಣ ಚಿತ್ರ ದೊರೆತೀತು. ಶಬ್ದಮಣಿದರ್ಪಣದ ತಾಳೆಗರಿಯನ್ನು ಬಿಚ್ಚುವಾಗ ಕಿಟೆಲರು ಅದನ್ನು ಬರೆದವನ ಮತವನ್ನು ಅಡ್ಡ ತರಲಿಲ್ಲ. ಅವರಿಗೆ ಸಲ್ಲಬೇಕಾದ ಋಣವನ್ನು ಕನ್ನಡದ ವಿದ್ವತ್ತು ತೀರಿಸಬೇಕಾದುದೂ ಅದೇ ಕ್ರಮದಿಂದ: ಅವರು ಸಂಪಾದಿಸಿದ ಗ್ರಂಥಗಳ ಜೊತೆಗೆ ಅವರು ನಂಬಿ ಬರೆದ ಗ್ರಂಥಗಳನ್ನೂ ಓದಿ, ಒಪ್ಪದ ಕಡೆ ಕನ್ನಡದಲ್ಲಿಯೇ ಉತ್ತರ ಕೊಟ್ಟು.